ಇಲಿಗಳ ಸಾಕ್ಷಿ ಹಾಕಿ ನಮ್ಮ ಓಣಿ ಕೆಡವಬೇಡಿ

ಮಾನ್ಯ ಸಂಪಾದಕರಿಗೆ ನಮಸ್ಕಾರಗಳು.

ಹೋದ ತಿಂಗಳು ನಿಮ್ಮ ವಾಚಕರ ಪುಟದಲ್ಲಿ ಬಂದ ಒಂದು ಪತ್ರಕ್ಕೆ ಈಗ ಉತ್ತರ ಬರೆಯುತ್ತಿದ್ದೇನೆ. ತಡವಾಯಿತು ಎಂದು ಗೊತ್ತು. ಆದರೆ ಆ ಪತ್ರದಲ್ಲಿ ಇಲಿಗಳ ಸಾಕ್ಷಿ ಹಾಕಿದ್ದರು. ಸಾಕ್ಷಿಯನ್ನು ವಿಚಾರಿಸದೆ ಲೆಕ್ಕ ಮುಗಿಸುವ ಅಭ್ಯಾಸ ನನಗಿಲ್ಲ. ಪತ್ರ ಬರೆದ ಮಹನೀಯರ ವಾದ ಇಷ್ಟು: ಬಾಗಲಕೋಟೆಯ ಹಳೆಯ ಊರಿನಲ್ಲಿ ಆಲಮಟ್ಟಿ ಅಣೆಕಟ್ಟೆಯ ಹಿನ್ನೀರಿಗೆ ಸಿಗದೆ ಉಳಿದಿರುವ ಇಕ್ಕಟ್ಟಿನ ಓಣಿಗಳನ್ನು ತೆರವು ಮಾಡಬೇಕು, ಓಣಿಯ ಬಾಯಿಗೆ ಇರುವ ಕಟ್ಟೆಗಳನ್ನು ಮೊದಲು ಕೀಳಬೇಕು, ಏಕೆಂದರೆ ಜನ ಒತ್ತೊತ್ತಾಗಿ ಬದುಕಿದರೆ ಮನುಷ್ಯತ್ವ ಕಳೆದುಕೊಳ್ಳುತ್ತಾರೆ, ಅಮೆರಿಕದಲ್ಲಿ ಇಲಿಗಳನ್ನು ಪೆಟ್ಟಿಗೆಯಲ್ಲಿ ತುಂಬಿ ಇದನ್ನು ಸಾಬೀತು ಮಾಡಿದ್ದಾರೆ.

ಮೊಬೈಲಿನಲ್ಲಿ ಹತ್ತು ನಿಮಿಷದ ವಿಡಿಯೊ ನೋಡಿ ಬರೆದದ್ದು ಎಂದು ನನ್ನ ಅನುಮಾನ. ಅಂಥದೇ ಒಂದು ವಿಡಿಯೊವನ್ನು ನನ್ನ ಮೊಮ್ಮಗಳೂ ನನಗೆ ಕಳಿಸಿದ್ದಳು. ಅವಳು ವಿಜಯಪುರದಲ್ಲಿ ಸ್ಪರ್ಧಾತ್ಮಕ ಪರೀಕ್ಷೆಗೆ ಓದುತ್ತಿದ್ದಾಳೆ, ಒಂದು ಖೋಲಿಯಲ್ಲಿ ನಾಲ್ವರು ಹುಡುಗಿಯರು. ವಿಡಿಯೊದ ಕೆಳಗೆ ಬರೆದಿದ್ದಳು: "ಅಜ್ಜ, ಇದು ನಮ್ಮ ಖೋಲಿ."

ನಾನು ವಿಜ್ಞಾನಿಯಲ್ಲ. ಅಡತಿ ಅಂಗಡಿಯಲ್ಲಿ ಮೂವತ್ತೆಂಟು ವರ್ಷ ಕೀರ್ದಿ, ಖತಾವಣಿ ಬರೆದ ದಿವಾನಜಿ. ಇಲಿಗಳ ಜೊತೆ ಅಷ್ಟೂ ವರ್ಷ ಒಂದೇ ಮಾಡಿನ ಕೆಳಗೆ ಕೂತಿದ್ದೇನೆ ಎಂಬುದೊಂದೇ ನನ್ನ ಅರ್ಹತೆ. ನಮ್ಮ ಅಳಿಯ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಕಲಿಸುತ್ತಾರೆ. ಅವರಿಂದ ಆ ಪ್ರಯೋಗದ ಮೂಲ ಲೇಖನವನ್ನೇ ತರಿಸಿಕೊಂಡು, ನಿಘಂಟು ಪಕ್ಕಕ್ಕಿಟ್ಟುಕೊಂಡು ಓದಿದೆ. ಅದಕ್ಕೇ ತಿಂಗಳು ಹಿಡಿಯಿತು.

ಪ್ರಯೋಗ ಮಾಡಿದವರು ಜಾನ್ ಕ್ಯಾಲ್ಹೂನ್, ಅಮೆರಿಕದ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಂಸ್ಥೆಯಲ್ಲಿದ್ದವರು. 1968ರ ಜುಲೈನಲ್ಲಿ, ಸುಮಾರು ಎಂಟೂವರೆ ಅಡಿ ಉದ್ದಗಲ, ನಾಲ್ಕೂವರೆ ಅಡಿ ಎತ್ತರದ ಗೋಡೆಗಳಿದ್ದ ಒಂದು ತೊಟ್ಟಿಯೊಳಗೆ ನಾಲ್ಕು ಜೋಡಿ ಚಿಕ್ಕ ಜಾತಿಯ ಇಲಿಗಳನ್ನು ಬಿಟ್ಟರು. ಮೇವಿಗೆ ಕೊರತೆಯಿಲ್ಲ, ನೀರಿಗೆ ಕೊರತೆಯಿಲ್ಲ, ಬೆಕ್ಕಿಲ್ಲ, ಹಾವಿಲ್ಲ, ರೋಗ ಹೊಗದಂತೆ ಎಚ್ಚರಿಕೆ. ಗೋಡೆಗುಂಟ 256 ಗೂಡು. ಮೊದಮೊದಲು 55 ದಿನಕ್ಕೊಮ್ಮೆ ಸಂಖ್ಯೆ ಇಮ್ಮಡಿಯಾಯಿತು. 315ನೆಯ ದಿನದ ಹೊತ್ತಿಗೆ 620 ಇಲಿಗಳಾದವು, ಅಲ್ಲಿಂದ ವೇಗ ತಗ್ಗಿ ಇಮ್ಮಡಿಯಾಗಲು 145 ದಿನ ಬೇಕಾಯಿತು. 560ನೆಯ ದಿನಕ್ಕೆ 2,200. ಅಲ್ಲಿಗೆ ನಿಂತಿತು. 600ನೆಯ ದಿನದ ನಂತರ ಹುಟ್ಟಿದ ಒಂದು ಮರಿಯೂ ಬದುಕಲಿಲ್ಲ. 1972ರ ಜೂನ್‌ನಲ್ಲಿ ಎಣಿಸಿದಾಗ ಉಳಿದಿದ್ದವು 122: ಗಂಡು 22, ಹೆಣ್ಣು 100. ಎಲ್ಲವೂ ಮರಿ ಹಾಕುವ ವಯಸ್ಸು ದಾಟಿದವು.

ಮಹನೀಯರು ಇಷ್ಟು ಹೇಳಿ ನಿಲ್ಲಿಸಿದ್ದಾರೆ. ಚೀಲ ಎಣಿಸಿ ಬದುಕಿದವನ ಕಣ್ಣಿಗೆ ಬೀಳುವುದು ಇನ್ನೊಂದು ಅಂಕಿ. 256 ಗೂಡಿಗೆ ತಲಾ ಹದಿನೈದರಂತೆ ಹಿಡಿದರೆ 3,840 ಇಲಿಗಳಿಗೆ ಜಾಗವಿತ್ತು. ತುಂಬಿದ್ದು 2,200. ಅತಿ ಹೆಚ್ಚು ಗದ್ದಲವಿದ್ದ ಕಾಲದಲ್ಲೂ ಐದರಲ್ಲಿ ಒಂದು ಪಾಲು ಗೂಡುಗಳು ಖಾಲಿ ಬಿದ್ದಿದ್ದವು ಎಂದು ಕ್ಯಾಲ್ಹೂನ್ ಅವರೇ ಬರೆದಿದ್ದಾರೆ. ಗೋದಾಮು ತುಂಬುವ ಮೊದಲೇ ಮಾಲು ಕೆಟ್ಟಿತು ಎಂದರೆ ಅದಕ್ಕೆ ಜಾಗದ ಕೊರತೆ ಕಾರಣ ಎಂದು ಯಾವ ಸಾಹುಕಾರನೂ ಒಪ್ಪುವುದಿಲ್ಲ. ಕಾರಣ ಬೇರೆ ಕಡೆ ಹುಡುಕಬೇಕು.

ಕಾರಣ ಅದೇ ಲೇಖನದಲ್ಲಿದೆ. ಬೆಕ್ಕಿಲ್ಲದ, ಬರವಿಲ್ಲದ ಆ ತೊಟ್ಟಿಯಲ್ಲಿ ಹಿರಿಯ ಇಲಿಗಳು ಸಾಯಲೇ ಇಲ್ಲ, ಹಿಡಿದ ಜಾಗ ಬಿಡಲಿಲ್ಲ. ಬಯಲಿನಲ್ಲಾದರೆ ಜಾಗ ಸಿಗದ ಎಳೆಯ ಗಂಡು ಹೊಲ ಬಿಟ್ಟು ಹೊಲಕ್ಕೆ ಹೋಗುತ್ತದೆ. ದಾರಿಯಲ್ಲಿ ಸಾಯುತ್ತದೆ ಇಲ್ಲವೇ ಹೊಸ ಬಿಲ ಹಿಡಿಯುತ್ತದೆ. ಇಲ್ಲಿ ಹೋಗಲು ದಾರಿಯೇ ಇಲ್ಲ. ಮಾಡಲು ಕೆಲಸವಿಲ್ಲದ ಗಂಡುಗಳು ತೊಟ್ಟಿಯ ನಡುವೆ ನೆಲದ ಮೇಲೆ ಗುಂಪುಗುಂಪಾಗಿ ಬಿದ್ದುಕೊಂಡವು. ಮೈತುಂಬ ಗಾಯ, ಬಾಲ ಕಡಿದು ಹೋಗಿದೆ. ಸುಮ್ಮನೆ ಬಿದ್ದ ಗುಂಪಿನಲ್ಲಿ ಇದ್ದಕ್ಕಿದ್ದಂತೆ ಒಂದು ಎದ್ದು ಪಕ್ಕದ್ದನ್ನು ಕಚ್ಚುತ್ತಿತ್ತು, ಕಚ್ಚಿಸಿಕೊಂಡದ್ದು ಓಡಿಯೂ ಹೋಗುತ್ತಿರಲಿಲ್ಲ. ತಾಯಂದಿರು ಮರಿಗಳನ್ನು ಬೇಗ ದೂಡಿದವು, ಕೆಲವು ತಮ್ಮ ಮರಿಗಳನ್ನೇ ಗಾಯಗೊಳಿಸಿದವು. ಹಾಗೆ ಬೆಳೆದ ಮರಿಗಳಲ್ಲಿ ಒಂದು ಬಗೆಯ ಗಂಡುಗಳು ಜಗಳಕ್ಕೂ ಹೋಗದೆ, ಹೆಣ್ಣಿನ ಹಿಂದೆಯೂ ಹೋಗದೆ ತಿಂದು, ಕುಡಿದು, ಮಲಗಿ, ಮೈ ನೆಕ್ಕಿಕೊಂಡೇ ಕಾಲ ಕಳೆದವು. ಮೈಮೇಲೆ ಒಂದು ಗೀರಿಲ್ಲ, ಕೂದಲು ಮಿರಮಿರ. 'ಸುಂದರಾಂಗರು' ಎಂದು ಕ್ಯಾಲ್ಹೂನ್ ಅವುಗಳನ್ನು ಕರೆದರು. (ನಮ್ಮ ಸಂಬಂಧಿಕರಲ್ಲಿ ಇಬ್ಬರು ನೆನಪಾದರು. ಇರಲಿ.)

ಈಗ ನಮ್ಮ ಗೋದಾಮಿನ ಮಾತು. 1994ರಲ್ಲಿ ಸೂರತ್‌ನಲ್ಲಿ ಪ್ಲೇಗ್ ಎಂಬ ಸುದ್ದಿ ಬಂದಾಗ ಊರೂರಿನಲ್ಲಿ ಇಲಿ ಎಂದರೆ ಜನ ಬೆಚ್ಚುತ್ತಿದ್ದರು. ನಮ್ಮ ಸಾಹುಕಾರರು ಆ ವರ್ಷ ದರ ಏರಲಿ ಎಂದು ಕಡಲೆ ಹಿಡಿದಿಟ್ಟಿದ್ದರು. ಸುಗ್ಗಿಯಲ್ಲಿ ಒಟ್ಟಿದ ಥಪ್ಪಿ ಮಳೆಗಾಲ ಕಳೆದರೂ ಅಲುಗಿರಲಿಲ್ಲ. ಭಯಕ್ಕೆ ಬಿದ್ದು ಒಂದು ಮುಂಜಾನೆ ಎಲ್ಲ ಚೀಲ ತೆಗೆಸಿ ನೋಡಿ ಎಂದರು. ಮೇಲಿನ ಸಾಲುಗಳಲ್ಲಿ ಹಿಕ್ಕೆ ಬಿಟ್ಟರೆ ಹೆಚ್ಚೇನೂ ಇರಲಿಲ್ಲ. ತಳದ ಸಾಲಿಗೆ ಬಂದಾಗ ಹಮಾಲರ ಮುಕಾದಮ ಕೊಕ್ಕೆ ಕೆಳಗಿಟ್ಟು ನನ್ನನ್ನು ಕರೆದ: "ದಿವಾನಜಿ, ಇಲ್ಲಿ ಬನ್ನಿ. ಇವು ಬೇರೆ ಒಂದು ಪೇಟೆಯನ್ನೇ ಕಟ್ಟಿವೆ."

ಬಗ್ಗಿ ನೋಡಿದೆ. ಗೋಣಿಯ ನಾರು ಎಳೆದು, ಹತ್ತಿಯಂತೆ ಹಿಂಜಿ ಮಾಡಿದ ಗೂಡುಗಳು, ಚೀಲ ಬಿಟ್ಟು ಚೀಲಕ್ಕೆ ಒಂದೊಂದು. ಒಂದರಲ್ಲಿ ಕಾಗದದ ಚೂರು ಹಾಸಿತ್ತು. ಎತ್ತಿ ಬೆಳಕಿಗೆ ಹಿಡಿದರೆ ನನ್ನದೇ ಅಕ್ಷರ: ಹಿಂದಿನ ವರ್ಷದ ಪಾವತಿ ಪುಸ್ತಕ. ಅದರ ಮೇಲೆ ಕಣ್ಣು ತೆರೆಯದ ಆರು ಕೆಂಪು ಮರಿಗಳು. ತಾಯಿ ಓಡಲಿಲ್ಲ. ಒಂದು ಮರಿಯನ್ನು ಬಾಯಲ್ಲಿ ಕಚ್ಚಿಕೊಂಡು ಪಕ್ಕದ ಚೀಲದ ಸಂದಿಗೆ ಹೋಯಿತು, ತಿರುಗಿ ಬಂತು, ಇನ್ನೊಂದನ್ನು ಕಚ್ಚಿತು. ಅಷ್ಟು ಜನ ಸುತ್ತ ನಿಂತಿದ್ದರೂ ಆರನ್ನೂ ಸಾಗಿಸಿದ ಮೇಲೆಯೇ ಕಣ್ಮರೆಯಾದದ್ದು. ಮುಕಾದಮ ಕೋಲು ಎತ್ತಲಿಲ್ಲ, ನಾನೂ ಎತ್ತು ಎನ್ನಲಿಲ್ಲ. ಸಾಹುಕಾರರಿಗೆ ಇದನ್ನು ಎಂದೂ ಹೇಳಿಲ್ಲ, ಈಗ ಅವರೂ ಇಲ್ಲ.

ಬಾಲ ಕಡಿಸಿಕೊಂಡ ಗಂಡುಗಳು ನಮ್ಮಲ್ಲೂ ಇದ್ದವು. ಅವು ಇದ್ದದ್ದು ಹಿಂಗೋಡೆಯ ಮೋರಿ ಕಿಂಡಿಯ ಹತ್ತಿರ. ಕಿಂಡಿಯ ಆಚೆ ಪಕ್ಕದ ಅಂಗಡಿಯ ಗೋದಾಮು. "ನಿಮ್ಮ ಇಲಿಗಳನ್ನು ನೀವು ಇಟ್ಟುಕೊಳ್ಳಿ" ಎಂದು ಆ ಅಂಗಡಿಯವರು ಎರಡು ತಿಂಗಳಿಂದ ಜಗಳಕ್ಕೆ ಬರುತ್ತಿದ್ದರು. ನಾವು ನಕ್ಕು ಕಳಿಸುತ್ತಿದ್ದೆವು. ಅವರು ಹೇಳಿದ್ದು ನಿಜವೆಂದು ಆವತ್ತು ಗೊತ್ತಾಯಿತು. ನಮ್ಮಲ್ಲಿ ಜಾಗ ಸಿಗದವು ಆ ಕಿಂಡಿಯಲ್ಲಿ ವಲಸೆ ಹೋಗುತ್ತಿದ್ದವು. ಕ್ಯಾಲ್ಹೂನ್ ಅವರ ತೊಟ್ಟಿಗೆ ಮೋರಿ ಕಿಂಡಿ ಇರಲಿಲ್ಲ. ಆ ಪ್ರಯೋಗದಲ್ಲಿ ನನಗೆ ಅರ್ಥವಾದದ್ದು ಇದು. ಉಳಿದದ್ದೆಲ್ಲ ಇದರಿಂದಲೇ ಹೊರಡುತ್ತದೆ.

ಕ್ಯಾಲ್ಹೂನ್ ಇದಕ್ಕೂ ಮೊದಲು ದೊಡ್ಡ ಜಾತಿಯ ಇಲಿಗಳ ಮೇಲೆ ಮಾಡಿದ ಇನ್ನೊಂದು ಪ್ರಯೋಗವಿದೆ, 1962ರಲ್ಲಿ ಪ್ರಕಟವಾದದ್ದು. ವಿಡಿಯೊದವರು ಅದನ್ನು ಮುಟ್ಟುವುದಿಲ್ಲ, ಏಕೆಂದರೆ ಅದರಲ್ಲಿ ಎಲ್ಲ ಇಲಿಗಳೂ ಕೆಡಲಿಲ್ಲ. ಹತ್ತು ಅಡಿಗೆ ಹದಿನಾಲ್ಕು ಅಡಿಯ ಕೋಣೆ. ಅದನ್ನು ನಾಲ್ಕು ಅಂಕಣ ಮಾಡಿ, ಅಡ್ಡಗೋಡೆಗಳ ಮೇಲಿಂದ ಹತ್ತಿ ಇಳಿಯಲು ಇಳಿಜಾರು ಹಲಗೆ ಇಟ್ಟರು. ನೆಮ್ಮದಿಯಾಗಿ ಇರಬಹುದಾದದ್ದು 48 ಇಲಿಗಳು, ಇಟ್ಟದ್ದು 80. ಮೊದಲನೆಯ ಮತ್ತು ನಾಲ್ಕನೆಯ ಅಂಕಣದ ನಡುವೆ ಹಲಗೆ ಇರಲಿಲ್ಲ. ಹಾಗಾಗಿ ಎರಡು ತುದಿಯ ಅಂಕಣಗಳಿಗೆ ಒಂದೊಂದೇ ದಾರಿ, ನಡುವಿನ ಎರಡಕ್ಕೆ ಎರಡೆರಡು ದಾರಿ.

ನಡುವಿನ ಅಂಕಣಗಳಲ್ಲಿ ಆದದ್ದು ಭಯಂಕರ. ತಂತಿ ಬಲೆಯ ಹಿಂದಿನ ಗಟ್ಟಿ ಮೇವನ್ನು ಕಡಿದು ತಿನ್ನಲು ಹೊತ್ತು ಹಿಡಿಯುತ್ತಿತ್ತು. ಪಕ್ಕದಲ್ಲಿ ಯಾರಾದರೂ ಇದ್ದರೆ ಮಾತ್ರ ತಿನ್ನುವ ಚಟ ಇಲಿಗಳಿಗೆ ಹತ್ತಿಬಿಟ್ಟಿತು. ಎಂಬತ್ತರಲ್ಲಿ ಅರವತ್ತು ಇಲಿಗಳು ಒಂದೇ ಅಂಕಣಕ್ಕೆ ಬಂದು ಮುಗಿಬೀಳುತ್ತಿದ್ದವು, ಬೇರೆ ಕಡೆ ಮೇವು ಹಾಗೆಯೇ ಬಿದ್ದಿದ್ದರೂ. ಇದಕ್ಕೆ ಅವರು ಇಟ್ಟ ಹೆಸರು 'ಬಿಹೇವಿಯರಲ್ ಸಿಂಕ್'. ನಾನು ಅದನ್ನು ಬಚ್ಚಲಗುಂಡಿ ಎಂದು ಓದಿಕೊಂಡೆ. ಅಳಿಯ ನಕ್ಕು, ಅಷ್ಟು ತಪ್ಪಿಲ್ಲ ಮಾವ, ಎಂದರು. ಆ ಗದ್ದಲದಲ್ಲಿ ತಾಯಂದಿರು ಗೂಡು ಕಟ್ಟುವುದನ್ನೇ ಮರೆತವು. ಗೂಡಿಗೆಂದು ಕೊಟ್ಟ ಕಾಗದದ ಪಟ್ಟಿಯನ್ನು ಕಚ್ಚಿಕೊಂಡು ಹೊರಡುವುದು, ನಡುವೆ ಯಾರೋ ಅಡ್ಡ ಬಂದರೆ ಅಲ್ಲೇ ಬಿಟ್ಟು ಹೋಗುವುದು. ಮರಿಗಳನ್ನು ಸಾಗಿಸುವಾಗಲೂ ಅದೇ ಕಥೆ. ಬಿದ್ದ ಮರಿಯನ್ನು ಎತ್ತಿಕೊಳ್ಳಲು ತಾಯಿ ತಿರುಗಿ ಬರಲಿಲ್ಲ. ಹಾಲು ಬಿಡುವ ಮೊದಲೇ ನೂರಕ್ಕೆ ಎಂಬತ್ತರಿಂದ ತೊಂಬತ್ತಾರು ಮರಿಗಳು ಸತ್ತವು. ಇದನ್ನು ಓದುವಾಗ ನಮ್ಮ ಗೋದಾಮಿನ ಆ ತಾಯಿಯೇ ಕಣ್ಣ ಮುಂದೆ ಬಂತು.

ಅದೇ ಕೋಣೆಯ ತುದಿಯ ಅಂಕಣಗಳಲ್ಲಿ ಒಂದು ಬಲವಾದ ಗಂಡು ಹಲಗೆಯ ಬುಡದಲ್ಲೇ ಮಲಗಿ ಕಾವಲು ಕಾಯುತ್ತಿತ್ತು. ಪರರು ಇಳಿಯಲು ಬಂದರೆ ಎದ್ದು ನಿಲ್ಲುತ್ತಿತ್ತು. ಒಳಗಿನ ಹೆಣ್ಣುಗಳು ಗೂಡು ಕಟ್ಟಿದವು, ಮೊಲೆಯೂಡಿಸಿದವು, ಅವುಗಳ ಮರಿಗಳಲ್ಲಿ ಅರ್ಧದಷ್ಟು ಬದುಕಿದವು. ಕೋಣೆ ಅದೇ, ಮೇವು ಅದೇ. ಕಾಯಬಲ್ಲ ಒಂದು ಬಾಗಿಲು ಇದ್ದಲ್ಲಿ ಸಂಸಾರ ಉಳಿಯಿತು.

ಇದನ್ನು ಓದಿ ನಾನು ಪುಸ್ತಕ ಮುಚ್ಚಿ ಸ್ವಲ್ಪ ಹೊತ್ತು ಸುಮ್ಮನೆ ಕೂತೆ. ಹಳೆಯ ಊರಿನ ನಮ್ಮ ವಾಡೆಯಲ್ಲಿ ನಾವು ಮೂವತ್ತೊಂದು ಜನ ಇದ್ದೆವು. ಒಂದು ಬಾವಿ, ಒಂದು ಬಚ್ಚಲು. ಪಡಸಾಲೆಯಲ್ಲಿ ರಾತ್ರಿ ಎದ್ದರೆ ಯಾರದಾದರೂ ಕಾಲು ತುಳಿಯದೆ ಹೊರಗೆ ಹೋಗಲು ಸಾಧ್ಯವಿರಲಿಲ್ಲ. ಆದರೆ ನಡುಮನೆಯ ಹಿಂದೆ ಒಂದೇ ಬಾಗಿಲಿನ ಕೋಣೆಯೊಂದಿತ್ತು, ಬಾಣಂತಿ ಕೋಣೆ. ಹೊರಸು, ಹೊರಸಿನ ಕೆಳಗೆ ಕುಳ್ಳಿನ ಕೆಂಡದ ಬೋಗುಣಿ, ಬಾಗಿಲಿಗೆ ಕರಿ ಕಂಬಳಿ. ಯಾವ ಸೊಸೆ ಒಳಗಿದ್ದರೂ ಆಯಿ ಹೊಸ್ತಿಲ ಮೇಲೆ ಅಡ್ಡ ಕಾಲು ಚಾಚಿ ಕೂತು ಎಲೆ ಅಡಿಕೆ ಜಗಿಯುತ್ತಿದ್ದಳು. ಗಂಡನಾದರೂ ಸರಿ, ಊರ ಗೌಡನಾದರೂ ಸರಿ, ಆ ಕಾಲು ದಾಟುವಂತಿರಲಿಲ್ಲ. ನಾನು ಹುಟ್ಟಿದ್ದು ಆ ಕೋಣೆಯಲ್ಲಿ, ನನ್ನ ಮಗಳೂ ಅಲ್ಲೇ. ಆಯಿಯನ್ನು ಗಂಡಿಲಿಗೆ ಹೋಲಿಸಿದ್ದಕ್ಕೆ ಅವಳ ಆತ್ಮ ನನ್ನನ್ನು ಕ್ಷಮಿಸಲಿ.

ಹಾಗೆಂದು ವಾಡೆಯನ್ನು ನಾನು ಸ್ವರ್ಗ ಮಾಡುತ್ತಿಲ್ಲ. ಕಾಕಾ ಒಬ್ಬರಿಗೆ ಕ್ಷಯ ಬಂದಾಗ ಒಂದೇ ಪಡಸಾಲೆಯಲ್ಲಿ ಮಲಗುತ್ತಿದ್ದ ಇಬ್ಬರು ಮಕ್ಕಳಿಗೂ ಹತ್ತಿತು. ಇಕ್ಕಟ್ಟು ರೋಗಕ್ಕೆ ಅನುಕೂಲ ಎಂಬುದಕ್ಕೆ ನನಗೆ ಯಾವ ಪ್ರಯೋಗವೂ ಬೇಕಿಲ್ಲ. ಇನ್ನೊಂದು ಸಂಗತಿ ತಿಳಿದದ್ದು ತೀರ ಈಚೆಗೆ. ನಮ್ಮ ನಡುವಿನ ಅಣ್ಣನ ಹೆಂಡತಿ, ನಮ್ಮ ವೈನಿ, ಹಳೆಯ ಊರು ಬಿಟ್ಟು ಈ ಹೊಸ ಬಡಾವಣೆ ನವನಗರಕ್ಕೆ ಬಂದ ಎಷ್ಟೋ ವರ್ಷಗಳ ನಂತರ ಒಂದು ದಿನ ಜೋಳ ಹಸನು ಮಾಡುತ್ತ ಹೇಳಿದರು: "ಆ ಮನೆಯಲ್ಲಿ ಅಳುವುದಕ್ಕೆ ನನಗೆ ಒಂದು ಮೂಲೆ ಇರಲಿಲ್ಲ. ದನದ ಕೊಟ್ಟಿಗೆಗೆ ಹೋಗಿ, ಸಗಣಿ ಬಳಿಯುವವರಂತೆ ಬಗ್ಗಿ ಅತ್ತು ಬರುತ್ತಿದ್ದೆ." ಬಾಣಂತಿಗೆ ಬಾಗಿಲು ಇತ್ತು, ಉಳಿದ ದಿನಗಳಲ್ಲಿ ಅದೇ ಹೆಣ್ಣಿಗೆ ಬಾಗಿಲು ಇರಲಿಲ್ಲ. ಗಂಡಸರಾದ ನಮಗೆ ಓಣಿಯ ಕಟ್ಟೆ ಇತ್ತು. ಮನೆಯಲ್ಲಿ ಜಗಳವಾದರೆ ಅಲ್ಲಿ ಹೋಗಿ ಕೂರುತ್ತಿದ್ದೆವು, ಸಿಟ್ಟು ಇಳಿದ ಮೇಲೆ ಊಟಕ್ಕೆ ಬರುತ್ತಿದ್ದೆವು. ಆ ಕಟ್ಟೆ ನಮ್ಮ ಮೋರಿ ಕಿಂಡಿ. ಪತ್ರ ಬರೆದ ಮಹನೀಯರು ಮೊದಲು ಕೀಳಬೇಕು ಎನ್ನುತ್ತಿರುವುದು ಅದನ್ನೇ.

ಮನುಷ್ಯರನ್ನೇ ಇಟ್ಟು ಪರೀಕ್ಷೆ ಮಾಡಿದವರೂ ಇದ್ದಾರೆ. 1970ರ ದಶಕದಲ್ಲಿ ಜೊನಾಥನ್ ಫ್ರೀಡ್‌ಮನ್ ಎಂಬ ಮನಃಶಾಸ್ತ್ರಜ್ಞರು ಜನರನ್ನು ಚಿಕ್ಕ ಕೋಣೆಯಲ್ಲೂ ದೊಡ್ಡ ಕೋಣೆಯಲ್ಲೂ ಕೂರಿಸಿ ನೋಡಿದರು. ಇಕ್ಕಟ್ಟೊಂದರಿಂದಲೇ ಮನುಷ್ಯ ಕೆಡುತ್ತಾನೆ ಎಂಬುದು ಅಲ್ಲಿ ಸಿದ್ಧವಾಗಲಿಲ್ಲ. ನನಗೆ ಅಷ್ಟು ದೂರ ಹೋಗುವ ಅಗತ್ಯವೂ ಕಾಣುವುದಿಲ್ಲ. ಬಾಗಲಕೋಟೆಯ ಹೋಳಿಯಲ್ಲಿ ಬಣ್ಣದ ಬಂಡಿಗಳು ಬರುವಾಗ ನಮ್ಮ ಓಣಿಯಲ್ಲಿ ಉಸಿರಾಡಲೂ ಜಾಗ ಇರುತ್ತಿರಲಿಲ್ಲ. ಇಲಿಗಳ ಲೆಕ್ಕ ಹಿಡಿದರೆ ಹಲಗೆ ಬಾರಿಸುವವರನ್ನು ನಾವು ಮೊದಲ ದಿನವೇ ತಿಂದು ಮುಗಿಸಬೇಕಿತ್ತು.

ಕ್ಯಾಲ್ಹೂನ್ ಅವರ ಇನ್ನೊಂದು ಲೆಕ್ಕವನ್ನೂ ಹೇಳಬೇಕು, ಏಕೆಂದರೆ ಅದು ನಮ್ಮ ಗುಂಟೆ ಲೆಕ್ಕಕ್ಕೆ ಸರಿಯಾಗಿ ಕೂರುತ್ತದೆ. 1947ರಲ್ಲಿ ಮೇರಿಲ್ಯಾಂಡಿನ ಟೌಸನ್‌ನಲ್ಲಿ ಕಾಲು ಎಕರೆ, ಅಂದರೆ ಹತ್ತು ಗುಂಟೆ ಜಾಗಕ್ಕೆ ಬೇಲಿ ಹಾಕಿ ಅವರು ಇಲಿಗಳನ್ನು ಬಿಟ್ಟಿದ್ದರು. ಎರಡು ವರ್ಷದ ಮೇಲೆ ಐದು ಸಾವಿರವಾದರೂ ಆಗಬಹುದಾಗಿದ್ದ ಇಲಿಗಳು ಸುಮಾರು 150ಕ್ಕೆ ನಿಂತವು, ಚಿಕ್ಕ ಚಿಕ್ಕ ಗುಂಪುಗಳಾಗಿ ಒಡೆದು ಬದುಕಿದವು. ನೋಡಲು ಜಾಗ ಧಾರಾಳ, ಆದರೂ ಹುಟ್ಟಿದ ಮರಿಗಳು ಹೆಚ್ಚಾಗಿ ಉಳಿಯಲಿಲ್ಲ. ಆಗಲೇ ಅವರಿಗೆ ಗುಮಾನಿ ಬಂದದ್ದು, ತೊಂದರೆ ಚದರಡಿಯಲ್ಲಿ ಇಲ್ಲ, ಬೇಡದ ಮುಖಗಳನ್ನು ದಿನಕ್ಕೆ ಎಷ್ಟು ಸಲ ಎದುರಿಸಬೇಕು ಎಂಬುದರಲ್ಲಿ ಇದೆ ಎಂದು.

ನವನಗರದಲ್ಲಿ ನನ್ನ ಮನೆಗೆ ಈಗ ಐದು ಕೋಣೆ. ಇರುವವರು ನಾನು, ನನ್ನ ಹೆಂಡತಿ. ಮುಂದಿನ ರಸ್ತೆಯಲ್ಲಿ ಎರಡು ಲಾರಿ ಎದುರುಬದುರು ಹೋಗಬಹುದು. ಎದುರು ಮನೆಯವರು ತೀರಿಕೊಂಡದ್ದು ನನಗೆ ಗೊತ್ತಾದದ್ದು ಮೂರನೆಯ ದಿನ, ಹಾಲಿನವನಿಂದ. ಜಾಗ ಹೆಚ್ಚಾದರೆ ಮನುಷ್ಯತ್ವ ತಾನಾಗಿ ಬರುತ್ತದೆ ಎನ್ನುವವರು ಬಂದು ನಮ್ಮ ಸೆಕ್ಟರಿನಲ್ಲಿ ಒಂದು ಸಂಜೆ ನಡೆದಾಡಲಿ.

ಮೊಮ್ಮಗಳಿಗೆ ಇಷ್ಟನ್ನೂ ಫೋನಿನಲ್ಲಿ ಹೇಳಿದೆ. ಅವಳು ಪೂರ್ತಿ ಕೇಳಿದಳೋ ಇಲ್ಲವೋ. ಹದಿನೈದು ದಿನ ಬಿಟ್ಟು ಒಂದು ಫೋಟೊ ಬಂತು. ಖೋಲಿಯ ಕಿಟಕಿಯ ಹತ್ತಿರದ ಮೂಲೆಗೆ ಹಗ್ಗ ಕಟ್ಟಿ ಹಳೆಯ ಇಳಕಲ್ ಸೀರೆ ಇಳಿಬಿಟ್ಟಿದ್ದಾರೆ, ಒಳಗೆ ಒಂದು ಕುರ್ಚಿ. ಗೋಡೆಗೆ ಚೀಟಿ: ನಾಲ್ವರ ಹೆಸರು, ತಲಾ ಒಂದು ತಾಸು. ಸೀರೆಯ ಒಳಗೆ ಕೂತವಳನ್ನು ಯಾರೂ ಮಾತಾಡಿಸುವಂತಿಲ್ಲ, ಮೊಬೈಲ್ ರಿಂಗಾದರೂ ಕರೆಯುವಂತಿಲ್ಲ. ಸೀರೆ ಮೊಮ್ಮಗಳ ಅಮ್ಮನದು. ಅಂಚು ಕಂಡೊಡನೆ ನನ್ನ ಹೆಂಡತಿ ಗುರುತು ಹಿಡಿದಳು.

ಆಲಮಟ್ಟಿ ಅಣೆಕಟ್ಟೆಯನ್ನು 524.256 ಮೀಟರಿಗೆ ಎತ್ತರಿಸುವ ಮಾತು ಬಹಳ ದಿನದಿಂದ ನಡೆದಿದೆ. ಅದಾದರೆ ಇನ್ನೂ ಎಷ್ಟೋ ಮನೆಗಳು ಏಳಬೇಕು, ಹೊಸ ಊರುಗಳ ನಕ್ಷೆ ಆಗಬೇಕು. ನಕ್ಷೆ ಬರೆಯುವವರಿಗೆ ನನ್ನ ಕೋರಿಕೆ ದೊಡ್ಡದಲ್ಲ. ಮನೆ ಚಿಕ್ಕದಾದರೂ ಹೆಂಗಸರು ಒಳಗಿನಿಂದ ಚಿಲಕ ಹಾಕಿಕೊಳ್ಳಬಹುದಾದ ಒಂದು ಕೋಣೆ ಇರಲಿ. ಓಣಿಗೊಂದು ಕಟ್ಟೆ ಇರಲಿ, ಈ ಸಲ ಹೆಂಗಸರೂ ಕೂರುವಷ್ಟು ಉದ್ದದ್ದು. ಹಳೆಯ ಊರಿನಲ್ಲಿ ಉಳಿದಿರುವ ಕಟ್ಟೆಗಳನ್ನು ಯಾರೂ ಮುಟ್ಟುವುದು ಬೇಡ.

ಕಲ್ಲಿನ ಖರ್ಚು ಎಂದರೆ ಅದಕ್ಕೂ ನನ್ನಲ್ಲಿ ಉತ್ತರವಿದೆ. ಬೇಸಿಗೆಯಲ್ಲಿ ಹಿನ್ನೀರು ಇಳಿದಾಗ ನಮ್ಮ ವಾಡೆಯ ತಳಪಾಯ ಹೊರಗೆ ಬರುತ್ತದೆ. ಹೋದ ವರ್ಷ ಹೋಗಿ ನೋಡಿ ಬಂದೆ. ಗೋಡೆ ಒಂದೂ ಇಲ್ಲ, ಬಾವಿ ಹೂಳು ತುಂಬಿದೆ. ಆ ಕೋಣೆಯ ಹೊಸ್ತಿಲ ಕಲ್ಲು ಮಾತ್ರ ಇದ್ದಲ್ಲೇ ಇದೆ, ಆಯಿ ಕೂರುತ್ತಿದ್ದ ಕಡೆ ಸ್ವಲ್ಪ ಸವೆದಿದೆ. ನಾಲ್ಕು ಜನ ಹಮಾಲರು ಸಿಕ್ಕರೆ ಎತ್ತಿಸಿ ತರಬಹುದು.

ತಮ್ಮ ವಿಶ್ವಾಸಿ,
ಒಬ್ಬ ನಿವೃತ್ತ ದಿವಾನಜಿ
ನವನಗರ, ಬಾಗಲಕೋಟೆ